ಮುಂದೋಳಿನ ತಿರುಗಣಿ

ಊಟದೆಲೆಯ ಮುಂದೆ ಕುಳಿತವರ ಕೈಯನ್ನು ಒಮ್ಮೆ ಗಮನಿಸಿ. ಅನ್ನಕ್ಕೆ ಸಾರು ಕಲಸುವಾಗ ಅಂಗೈ ಎಲೆಯ ಕಡೆಗಿರುತ್ತದೆ. ಬೆರಳುಗಳು ಕೂಡಿ ತುತ್ತು ಕಟ್ಟುತ್ತವೆ, ಮೊಣಕೈ ಮಡಚುತ್ತದೆ, ತುತ್ತು ತುಟಿ ಮುಟ್ಟುವ ಹೊತ್ತಿಗೆ ಅಂಗೈ ಸದ್ದಿಲ್ಲದೆ ಮೇಲಕ್ಕೆ ತಿರುಗಿರುತ್ತದೆ. ಹೆಬ್ಬೆರಳು ಹಿಂದಿನಿಂದ ತುತ್ತನ್ನು ಬಾಯೊಳಗೆ ನೂಕುತ್ತದೆ, ಕೈ ಮಗುಚಿಕೊಂಡು ಮತ್ತೆ ಎಲೆಗೆ ಇಳಿಯುತ್ತದೆ. ಒಂದು ಊಟದಲ್ಲಿ ಹತ್ತಾರು ಸಲ ನಡೆಯುವ ಈ ತಿರುಗಾಟದ ಕಡೆಗೆ ಯಾರ ಗಮನವೂ ಹೋಗುವುದಿಲ್ಲ. ಮುಂದೋಳಿನ ಮೂಳೆ ಮುರಿದು, ವಾರಗಟ್ಟಲೆ ಪ್ಲಾಸ್ಟರ್ ಹೊತ್ತು, ಅದನ್ನು ಬಿಚ್ಚಿಸಿಕೊಂಡು ಬಂದು ಎಲೆಯ ಮುಂದೆ ಕುಳಿತವರಿಗೆ ಅದರ ಬೆಲೆ ಗೊತ್ತಾಗುತ್ತದೆ. ಕೈ ಮಡಚುತ್ತದೆ, ಬಾಯಿಯ ಹತ್ತಿರಕ್ಕೂ ಬರುತ್ತದೆ. ಆದರೆ ಅಂಗೈ ಮೇಲಾಗುವುದಿಲ್ಲ. ತುತ್ತು ಮಡಿಲಿಗೆ ಬೀಳುತ್ತದೆ.

ಕೈ ತಿರುಗುವುದು ಎಲ್ಲಿಂದ ಎಂದು ಕೇಳಿದರೆ ಹೆಚ್ಚಿನವರು ಮಣಿಕಟ್ಟನ್ನು ತೋರಿಸುತ್ತಾರೆ. ಮಣಿಕಟ್ಟು ಮೇಲೆ ಕೆಳಗೆ, ಅತ್ತ ಇತ್ತ ಬಾಗಬಲ್ಲದು. ಬೀಗದೊಳಗಿನ ಕೀಲಿಕೈಯಂತೆ ತಿರುಗುವುದು ಅದರ ಕೆಲಸವಲ್ಲ. ಮೊಣಕೈಯ ದೊಡ್ಡ ಕೀಲಿಗೂ ಮಡಚುವುದು, ಚಾಚುವುದು ಎರಡೇ ಗೊತ್ತು. ಅಂಗೈಯನ್ನು ಮಗುಚುವುದು ಇವೆರಡರ ನಡುವಿನ ಇಡೀ ಮುಂದೋಳು. ನಂಬಿಕೆ ಬಾರದಿದ್ದರೆ ಎಡ ಮುಂದೋಳನ್ನು ಮಣಿಕಟ್ಟಿಗಿಂತ ನಾಲ್ಕು ಬೆರಳು ಮೇಲೆ ಬಲಗೈಯಿಂದ ಹಿಡಿದುಕೊಂಡು ಎಡ ಅಂಗೈಯನ್ನು ಮೇಲೆ ಕೆಳಗೆ ತಿರುಗಿಸಿ ನೋಡಬಹುದು. ಹಿಡಿತದೊಳಗೆ ಹೆಬ್ಬೆರಳ ಕಡೆಯ ಎಲುಬು ಹೊರಳುವುದು ತಿಳಿಯುತ್ತದೆ. ಅದೇ ಬಲಗೈಯನ್ನು ಮೊಣಕೈಯ ಮೊನಚು ತುದಿಗೆ ಸರಿಸಿ ಮತ್ತೆ ತಿರುಗಿಸಿದರೆ ಅಲ್ಲಿನ ಎಲುಬು ಕದಲಿದಂತೆಯೇ ತೋರುವುದಿಲ್ಲ.

ಕದಲದ ಎಲುಬಿನ ಹೆಸರು ಅಲ್ನಾ, ಹೊರಳುವ ಎಲುಬಿನ ಹೆಸರು ರೇಡಿಯಸ್. ಅಲ್ನಾ ಕಿರುಬೆರಳಿನ ಕಡೆಗಿದೆ, ರೇಡಿಯಸ್ ಹೆಬ್ಬೆರಳಿನ ಕಡೆಗಿದೆ. ಲ್ಯಾಟಿನ್ ಭಾಷೆಯಲ್ಲಿ ಅಲ್ನಾ ಎಂದರೆ ಮೊಣಕೈ. ಇಂಗ್ಲಿಷರು ಹಿಂದೆ ಬಟ್ಟೆ ಅಳೆಯುತ್ತಿದ್ದ ‘ಎಲ್’ ಎಂಬ ಅಳತೆಯ ಹೆಸರಿಗೂ ಈ ಪದಕ್ಕೂ ನಂಟಿದೆ. ನಮ್ಮಲ್ಲಿ ಹೂವಾಡಗಿತ್ತಿ ಮಲ್ಲಿಗೆ ದಂಡೆಯನ್ನು ಮೊಣಕೈಯಿಂದ ನಡುಬೆರಳ ತುದಿಯವರೆಗೆ ಹಿಡಿದು ಮೊಳ ಹಾಕುವುದೂ ಇದೇ ಎಲುಬಿನ ಮೇಲೆ. ಅಷ್ಟು ದೂರದ ಎರಡು ನಾಡುಗಳು ಒಂದೇ ತೋಳಿನಿಂದ ಅಳತೆ ಕಲಿತವು ಎನ್ನುವುದು ಖುಷಿ ಕೊಡುವ ಸಂಗತಿ. ರೇಡಿಯಸ್ ಎಂದರೆ ಲ್ಯಾಟಿನ್‌ನಲ್ಲಿ ಗಾಡಿ ಚಕ್ರದ ಅರ.

ಅಂಗೈ ಆಕಾಶ ನೋಡುವಾಗ ಈ ಎರಡು ಎಲುಬುಗಳು ರೈಲು ಹಳಿಗಳಂತೆ ಅಕ್ಕಪಕ್ಕ ಮಲಗಿರುತ್ತವೆ. ಅಂಗೈಯನ್ನು ನೆಲದ ಕಡೆಗೆ ಮಗುಚಿದರೆ ರೇಡಿಯಸ್ ಅಲ್ನಾದ ಮೇಲೆ ಅಡ್ಡ ಹಾಯ್ದು ಕತ್ತರಿಯಾಕಾರ ತಾಳುತ್ತದೆ. ಮೇಲ್ಮುಖವಾಗುವುದಕ್ಕೆ ವೈದ್ಯರು ಸುಪೈನೇಷನ್ ಎನ್ನುತ್ತಾರೆ, ಕೆಳಮುಖವಾಗುವುದಕ್ಕೆ ಪ್ರೊನೇಷನ್. ಹೀಗೆ ಅಡ್ಡ ಹಾಯಲು ಅನುಕೂಲವಾಗುವಂತೆ ರೇಡಿಯಸ್ ನೆಟ್ಟಗಿಲ್ಲ, ಬಿಲ್ಲಿನಂತೆ ತುಸು ಹೊರಕ್ಕೆ ಬಾಗಿದೆ. ಈ ಬಾಗು ಮುಂದೆ ಮತ್ತೆ ಬರುತ್ತದೆ, ನೆನಪಿರಲಿ.

ಹಳೆಯ ತೊಟ್ಟಿಮನೆಗಳ ಬಾಗಿಲಿಗೆ ಕಬ್ಬಿಣದ ಹಿಂಜ್ ಇರುತ್ತಿರಲಿಲ್ಲ. ಬಾಗಿಲ ಮೇಲೂ ಕೆಳಗೂ ಚಾಚಿದ ಗೂಟಗಳು ಚೌಕಟ್ಟಿನ ಕುಳಿಯಲ್ಲಿ ಕುಳಿತು ತಿರುಗುತ್ತಿದ್ದವು. ಅದು ತಿರುಗಣಿ. ರೇಡಿಯಸ್ಸಿನ ಏರ್ಪಾಡೂ ಹೆಚ್ಚುಕಡಿಮೆ ಅದೇ. ಮೊಣಕೈಯ ಹತ್ತಿರ ಅದರ ತಲೆ ಪುಟ್ಟ ದುಂಡು ಬಿಲ್ಲೆಯಂತಿದೆ. ಆ ಬಿಲ್ಲೆಯ ಸುತ್ತ ಗಟ್ಟಿ ನಾರಿನ ಒಂದು ಪಟ್ಟಿ ಬಳೆ ತೊಡಿಸಿದಂತೆ ಕುಳಿತಿದೆ. ಬಳೆಯ ಐದರಲ್ಲಿ ಸುಮಾರು ನಾಲ್ಕು ಪಾಲು ಈ ನಾರಿನದು, ಉಳಿದ ಪಾಲು ಅಲ್ನಾದಲ್ಲಿರುವ ಒಂದು ತಗ್ಗಿನದು. ಬಿಲ್ಲೆ ಈ ಬಳೆಯೊಳಗೆ ನಿಂತಲ್ಲೇ ತಿರುಗುತ್ತದೆ. ಮಣಿಕಟ್ಟಿನ ತುದಿಯಲ್ಲಿ ಕತೆ ಬೇರೆ. ಅಲ್ಲಿ ರೇಡಿಯಸ್ಸಿನ ಅಗಲವಾದ ತುದಿ ಅಲ್ನಾದ ಗುಂಡಗಿನ ತಲೆಯನ್ನು ಪ್ರದಕ್ಷಿಣೆ ಹಾಕುತ್ತದೆ, ಅಂಗೈಯನ್ನೂ ಜತೆಗೆ ಕೊಂಡೊಯ್ಯುತ್ತದೆ. ಎರಡೂ ಎಲುಬುಗಳ ನಡುವೆ ಉದ್ದಕ್ಕೂ ಒಂದು ಪೊರೆ ಬಿಗಿದುಕೊಂಡಿದೆ.

ಹೀಗಾಗಿ ಮೇಲಿನ ಕೀಲು, ಕೆಳಗಿನ ಕೀಲು ಎಂದು ಹೆಸರು ಎರಡಾದರೂ ಕೆಲಸ ಒಂದೇ. ಮೇಲಿನದು ತಿರುಗದೆ ಕೆಳಗಿನದು ತಿರುಗದು. ಇಡೀ ಮುಂದೋಳನ್ನೇ ಒಂದು ಕೀಲು ಎಂದು ಕಾಣಬೇಕು ಎನ್ನುವ ಮೂಳೆವೈದ್ಯರ ಮಾತು ಇದರಿಂದ ಬಂದದ್ದು. ಮುಂದೋಳಿನ ಗಾಯಗಳನ್ನು ಅರಿಯಲು ಇದಕ್ಕಿಂತ ಉಪಯೋಗದ ಮಾತು ಮತ್ತೊಂದಿಲ್ಲ.

ಕೊಟ್ಟಿಗೆಯ ಎತ್ತಿಗೆ ಈ ಸೌಲಭ್ಯವಿಲ್ಲ. ಎತ್ತಿನಲ್ಲೂ ಕುದುರೆಯಲ್ಲೂ ಅಲ್ನಾ ಮತ್ತು ರೇಡಿಯಸ್ ಬೆಸೆದುಕೊಂಡಿವೆ. ನೆಲ ಗಟ್ಟಿಯಾಗಿ ಊರುವ ಕಾಲು ಹೊರಳಬಾರದು, ಹೊರಳಿದರೆ ಓಟ ಕೆಡುತ್ತದೆ. ದಸರಾ ಆನೆಯ ಮುಂಗಾಲಿನಲ್ಲಿ ಎರಡು ಎಲುಬುಗಳಿದ್ದರೂ ರೇಡಿಯಸ್ ಸದಾ ಅಡ್ಡ ಹಾಯ್ದ ಸ್ಥಿತಿಯಲ್ಲೇ ನಿಂತುಬಿಟ್ಟಿದೆ. ಬೆಕ್ಕು ಪಂಜವನ್ನು ಸ್ವಲ್ಪ ತಿರುಗಿಸಬಲ್ಲದು. ಹಣ್ಣು ಕಿತ್ತು ಬಾಯಿಗಿಡುವ ಮಂಗಗಳಲ್ಲಿ, ಕೊಂಬೆಯಿಂದ ಕೊಂಬೆಗೆ ಜೋತಾಡುವ ವಾನರಗಳಲ್ಲಿ ಈ ತಿರುಗು ಚೆನ್ನಾಗಿ ಬೆಳೆದಿದೆ. ಮನುಷ್ಯ ಅದನ್ನು ಉಳಿಸಿಕೊಂಡು ಬೊಗಸೆ ಒಡ್ಡಿದ, ಕಲ್ಲು ಕುಟ್ಟಿದ, ದಾರ ಹೊಸೆದ.

ಇನ್ನು ತಿರುಗಿಸುವ ಸ್ನಾಯುಗಳು. ಮೊಣಕೈ ಮಡಚಿ ತೋಳಿನ ಮೇಲೆ ಉಬ್ಬು ತೋರಿಸುವ ಬೈಸೆಪ್ಸ್ ಇರುವುದು ಕೈ ಮಡಚಲಿಕ್ಕೆ ಎಂದೇ ಎಲ್ಲರ ನಂಬಿಕೆ. ಅಂಗೈಯನ್ನು ಮೇಲಕ್ಕೆ ತಿರುಗಿಸುವ ಅತಿ ಬಲವಾದ ಸ್ನಾಯುವೂ ಅದೇ. ಅದರ ಕೆಳತುದಿ ರೇಡಿಯಸ್ಸಿನ ಒಳಬದಿಯ ಒಂದು ಗುಬುಟಿಗೆ ಅಂಟಿಕೊಂಡಿದೆ. ಅಂಗೈ ಕೆಳಮುಖವಾದಾಗ ಆ ಗುಬುಟು ಹಿಂದಕ್ಕೆ ಹೋಗಿ, ಸ್ನಾಯುವಿನ ಹುರಿ ಎಲುಬಿಗೆ ಸುತ್ತಿಕೊಳ್ಳುತ್ತದೆ. ಬುಗುರಿಗೆ ಸುತ್ತಿದ ಚಾಟಿಯನ್ನು ಎಳೆದಾಗ ಬುಗುರಿ ತಿರುಗುವಂತೆ, ಬೈಸೆಪ್ಸ್ ಎಳೆದಾಗ ರೇಡಿಯಸ್ ತಿರುಗುತ್ತದೆ. ಐದು ನೂರು ವರ್ಷಗಳ ಹಿಂದೆ ಇಟಲಿಯಲ್ಲಿ ಹೆಣಗಳನ್ನು ಕೊಯ್ದು ನೋಡಿ ಚಿತ್ರ ಬರೆದ ಲಿಯೊನಾರ್ಡೊ ಡ ವಿಂಚಿ ಬೈಸೆಪ್ಸ್‌ನ ಈ ಎರಡನೆಯ ಕೆಲಸವನ್ನು ಗುರುತಿಸಿದ್ದ. ಸುಮಾರು 1510ರ ಆ ಹಾಳೆಗಳು ಈಗ ಬ್ರಿಟನ್ನಿನ ರಾಜಮನೆತನದ ಸಂಗ್ರಹದಲ್ಲಿವೆ.

ಬಡಗಿಯೊಬ್ಬ ಸ್ಕ್ರೂ ಬಿಗಿಯುವುದನ್ನು ನೋಡಿದರೆ ಇದು ಕಣ್ಣಿಗೇ ಕಾಣುತ್ತದೆ. ಬಿಗಿ ಹೆಚ್ಚಿದಂತೆ ಅವನು ಮೊಣಕೈಯನ್ನು ಮಡಚಿಕೊಂಡು ಪಕ್ಕೆಗೆ ತಂದುಕೊಳ್ಳುತ್ತಾನೆ. ಕೈ ನೀಡಿಕೊಂಡಿದ್ದರೆ ಬೈಸೆಪ್ಸ್‌ಗೆ ತಿರುಗಿಸುವ ಹಿಡಿತ ಸಾಲದು, ಮಡಚಿದಾಗ ಪೂರ್ತಿ ಸಿಗುತ್ತದೆ. ಯಾವ ಪುಸ್ತಕವನ್ನೂ ಓದದೆ ಮೈ ಅದನ್ನು ಕಲಿತಿದೆ. ಸ್ಕ್ರೂಗಳು ಬಲಕ್ಕೆ ತಿರುಗಿಸಿದರೆ ಬಿಗಿಯಾಗುತ್ತವೆ. ಬಲಗೈಯವರಿಗೆ ಅದು ಅಂಗೈ ಮೇಲಾಗುವ ದಿಕ್ಕು, ಬೈಸೆಪ್ಸ್‌ನ ದಿಕ್ಕು. ಅದೇ ಬಲಗೈಯಲ್ಲಿ ಉಪ್ಪಿನಕಾಯಿ ಬಾಟಲಿಯ ಮುಚ್ಚಳ ಬಿಚ್ಚುವಾಗ ತುಸು ದುರ್ಬಲವಾದ ಕೆಳಮುಖದ ಸ್ನಾಯುಗಳು ದುಡಿಯಬೇಕು. ಎಡಚರಿಗೆ ಇದು ತಿರುವುಮುರುವು.

ಈ ಬೈಸೆಪ್ಸ್‌ನ ಹುರಿ ಮೊಣಕೈಯ ಬಳಿ ಹರಿಯುವುದೂ ಉಂಟು. ನಡುವಯಸ್ಸಿನ ಗಂಡಸರಲ್ಲಿ ಹೆಚ್ಚು. ಮಡಚಿದ ಕೈಯಲ್ಲಿ ಫ್ರಿಜ್ಜೋ ಚೀಲವೋ ಎತ್ತುವಾಗ ಭಾರ ಥಟ್ಟನೆ ಕೈಯನ್ನು ಕೆಳಗೆಳೆಯುತ್ತದೆ, ಮೊಣಕೈಯ ಮಡಿಕೆಯಲ್ಲಿ ಏನೋ ಕಿತ್ತು ಬಂದಂತಾಗುತ್ತದೆ. ಕೈ ಮಡಚಲು ಬೇರೆ ಸ್ನಾಯುಗಳಿವೆ, ಹಾಗಾಗಿ ‘ಸರಿಹೋಗುತ್ತೆ ಬಿಡು’ ಎಂದು ಕುಳಿತುಬಿಡುವವರಿದ್ದಾರೆ. ಹಾಗೆಯೇ ಬಿಟ್ಟರೆ ಅಂಗೈ ಮೇಲೆ ತಿರುಗಿಸುವ ಬಲದಲ್ಲಿ ಸುಮಾರು ಶೇ 40ರಷ್ಟು ಹೋಗುತ್ತದೆ. ಮೊದಲ ಎರಡು ಮೂರು ವಾರಗಳಲ್ಲಿ ಹುರಿಯನ್ನು ಎಲುಬಿಗೆ ಮರಳಿ ಕಟ್ಟುವುದು ಸುಲಭ. ತಡವಾದಷ್ಟೂ ಅದು ಮೇಲಕ್ಕೆ ಕುಗ್ಗಿ ಕೈಗೆ ಸಿಗದಾಗುತ್ತದೆ.

ಮುಂದೋಳಿನ ತಿರುಗನ್ನು ಕಲೆಯ ಎತ್ತರಕ್ಕೆ ಒಯ್ದವರು ಸ್ಪಿನ್ ಬೌಲರ್‌ಗಳು. ಬಾಗಿಲ ಹಿಡಿಗುಬುಟು ತಿರುಗಿಸಿದ ಹಾಗೆ ಚೆಂಡು ಬಿಡು ಎಂದು ಕೋಚ್‌ಗಳು ಹುಡುಗರಿಗೆ ಆಫ್ ಸ್ಪಿನ್ ಹೇಳಿಕೊಡುತ್ತಾರೆ. ಬಲಗೈ ಬೌಲರ್‌ಗೆ ಅದು ಅಂಗೈ ಮೇಲಾಗುವ ತಿರುಗು. 49 ಟೆಸ್ಟ್‌ಗಳಲ್ಲಿ 189 ವಿಕೆಟ್ ಪಡೆದ ಎರಪಳ್ಳಿ ಪ್ರಸನ್ನ ಅವರ ಬತ್ತಳಿಕೆಯ ಬುಡದಲ್ಲಿದ್ದದ್ದು ಇದೇ. ಅವರ ಜತೆಗಾರ ಬಿ.ಎಸ್. ಚಂದ್ರಶೇಖರ್ ಅವರದು ಇನ್ನೂ ಬೆರಗಿನ ಕತೆ. ಮೈಸೂರಿನಲ್ಲಿ ಹುಟ್ಟಿದ ಅವರ ಬಲಗೈ ಬಾಲ್ಯದ ಪೋಲಿಯೊದಿಂದ ಸೊರಗಿತ್ತು. ಫೀಲ್ಡಿಂಗ್‌ನಲ್ಲಿ ಚೆಂಡು ಎಸೆಯುತ್ತಿದ್ದುದು ಎಡಗೈಯಲ್ಲಿ. ಬೌಲಿಂಗ್ ಮಾತ್ರ ಆ ಸೊರಗಿದ ಬಲಗೈಯಲ್ಲೇ, ಅದೂ ಮಧ್ಯಮ ವೇಗದವರಂತೆ ಓಡಿ ಬಂದು. ಕೈಯ ಹಿಂಬದಿಯನ್ನು ಬ್ಯಾಟ್ಸ್‌ಮನ್ ಕಡೆ ತಿರುಗಿಸಿ ಬಿಡುವ ಗೂಗ್ಲಿ ಅವರ ಮುಖ್ಯ ಅಸ್ತ್ರ. 1971ರಲ್ಲಿ ಓವಲ್‌ನಲ್ಲಿ 38 ರನ್‌ಗೆ 6 ವಿಕೆಟ್ ಕಿತ್ತು ಇಂಗ್ಲೆಂಡ್ ನೆಲದಲ್ಲಿ ಭಾರತಕ್ಕೆ ಮೊದಲ ಸರಣಿ ಗೆಲುವು ತಂದದ್ದು ಆ ಕೈ. 58 ಟೆಸ್ಟ್‌ಗಳಲ್ಲಿ ಅದು ಗಳಿಸಿದ್ದು 242 ವಿಕೆಟ್.

ಮೊಣಕೈ ಮತ್ತು ತಿರುಗಿನ ಬಗ್ಗೆ ಕ್ರಿಕೆಟ್ ಲೋಕ ಪಾಠ ಕಲಿತದ್ದು ಶ್ರೀಲಂಕಾದ ಮುತ್ತಯ್ಯ ಮುರಳೀಧರನ್ ಅವರಿಂದ. 1995ರ ಡಿಸೆಂಬರ್ 26ರಂದು ಮೆಲ್ಬರ್ನ್‌ನಲ್ಲಿ ಅಂಪೈರ್ ಡ್ಯಾರೆಲ್ ಹೇರ್ ಏಳು ಸಲ ಅವರ ಎಸೆತಕ್ಕೆ ನೋಬಾಲ್ ಕೂಗಿದರು. ಮಡಚಿದ ಮೊಣಕೈಯನ್ನು ಚೆಂಡು ಬಿಡುವಾಗ ನೀಡುತ್ತಿದ್ದಾರೆ, ಅದು ಬೌಲಿಂಗ್ ಅಲ್ಲ ಎಸೆತ ಎಂಬ ಆಕ್ಷೇಪ. ಮುರಳಿಯ ಮೊಣಕೈ ಹುಟ್ಟಿನಿಂದಲೇ ಪೂರ್ತಿ ನೆಟ್ಟಗಾಗದು. ಹೀಗೆ ಬಾಗಿದ ತೋಳು ಭುಜದಿಂದ ಗಿರ್ರನೆ ತಿರುಗಿದಾಗ ಒಂದು ಕಡೆಯಿಂದ ನೋಡುವವರಿಗೆ ಬಾಗು ಕಂಡು, ಮರುಕ್ಷಣ ಮಾಯವಾಗುತ್ತದೆ. ಕೊಡೆಯ ಬಾಗಿದ ಹಿಡಿಯನ್ನು ಬೆರಳಲ್ಲಿ ತಿರುಗಿಸಿದರೆ ಒಂದು ಕೋನದಲ್ಲಿ ಅದು ನೇರ ಕಡ್ಡಿಯಂತೆ ಕಾಣುವುದಿಲ್ಲವೇ, ಹಾಗೆ. 2004ರಲ್ಲಿ ಅವರು ಟಿವಿ ಕ್ಯಾಮೆರಾಗಳ ಮುಂದೆ ಮೊಣಕೈ ಕದಲದಂತೆ ಲೋಹದ ಪಟ್ಟಿ ಬಿಗಿದುಕೊಂಡೇ ಬೌಲ್ ಮಾಡಿ ತೋರಿಸಿದರು. ಪ್ರಯೋಗಾಲಯದ ಅಳತೆಗಳಲ್ಲಿ, ಅನುಮಾನವೇ ಇಲ್ಲದ ಬೌಲರ್‌ಗಳ ಮೊಣಕೈ ಕೂಡ ಕೆಲವು ಡಿಗ್ರಿ ನೀಡಿಕೊಳ್ಳುವುದು ಗೊತ್ತಾಯಿತು. 2005ರಿಂದ ಎಲ್ಲರಿಗೂ 15 ಡಿಗ್ರಿಯ ಮಿತಿ ಬಂತು. ಬರಿಗಣ್ಣಿನ ತೀರ್ಪಿಗೆ ಬಲಿಯಾಗಬಹುದಾಗಿದ್ದ ಆ ತೋಳು 800 ಟೆಸ್ಟ್ ವಿಕೆಟ್ ಮುಟ್ಟಿ ನಿವೃತ್ತಿ ಪಡೆಯಿತು.

ಆರೋಗ್ಯವಂತ ಕೈ ಎಷ್ಟು ತಿರುಗಬೇಕು? ಹೆಬ್ಬೆರಳು ಮೇಲಿರುವ ನಡುನಿಲುವಿನಿಂದ ಅಂಗೈ ಕೆಳಗಾಗಲು ಸುಮಾರು 75ರಿಂದ 80 ಡಿಗ್ರಿ, ಮೇಲಾಗಲು 80ರಿಂದ 85 ಡಿಗ್ರಿ. ದಿನದ ಬದುಕಿಗೆ ಇಷ್ಟೂ ಬೇಕಿಲ್ಲ. 1981ರಲ್ಲಿ ಅಮೆರಿಕದ ಮೇಯೊ ಕ್ಲಿನಿಕ್‌ನ ಬರ್ನಾರ್ಡ್ ಮೋರಿ ಮತ್ತು ಸಂಗಡಿಗರು 33 ಮಂದಿಯ ತೋಳಿಗೆ ಅಳೆಯುವ ಸಲಕರಣೆ ಕಟ್ಟಿ, ಬಾಗಿಲು ತೆರೆಯುವುದು, ಹೂಜಿಯಿಂದ ನೀರು ಬಗ್ಗಿಸುವುದು, ಕುರ್ಚಿಯಿಂದ ಏಳುವುದು ಮುಂತಾದ ಕೆಲಸಗಳನ್ನು ಮಾಡಿಸಿದರು. ಮೇಲಕ್ಕೆ 50, ಕೆಳಕ್ಕೆ 50 ಡಿಗ್ರಿ ತಿರುಗಿದರೆ ಹೆಚ್ಚಿನ ಕೆಲಸ ಸಾಗುತ್ತದೆ ಎಂದು ಕಂಡುಬಂತು. ಇಂದಿಗೂ ಮೂಳೆವೈದ್ಯರು ಗುರಿ ಇಟ್ಟುಕೊಳ್ಳುವುದು ಈ ನೂರು ಡಿಗ್ರಿಯನ್ನೇ. ಮೊಬೈಲ್, ಕೀಲಿಮಣೆ, ಮೌಸ್ ಬಂದ ಮೇಲೆ ನಡೆದ 2011ರ ಇನ್ನೊಂದು ಅಧ್ಯಯನ, ಫೋನ್ ಕಿವಿಗಿಡಲು ಮೊಣಕೈ ಹೆಚ್ಚು ಮಡಚಬೇಕು, ಟೈಪ್ ಮಾಡಲು ಅಂಗೈ ಹೆಚ್ಚು ಕೆಳಗಾಗಬೇಕು ಎಂದು ತೋರಿಸಿತು. ಆದರೆ ಇವೆರಡೂ ಅಮೆರಿಕದವರ ದಿನಚರಿಯ ಲೆಕ್ಕ. ಕೈಯಲ್ಲಿ ಕಲಸಿ ಉಣ್ಣುವ, ಬೊಗಸೆಯಲ್ಲಿ ನೀರು ಹಿಡಿದು ಮುಖ ತೊಳೆಯುವ, ತೀರ್ಥಕ್ಕೆ ಅಂಗೈ ಗುಳಿ ಮಾಡುವ ಜನರಿಗೆ ಮೇಲ್ಮುಖದ ತಿರುಗು ಇನ್ನೂ ಹೆಚ್ಚು ಬೇಕು. ನೂರು ಡಿಗ್ರಿ ಸಾಕು ಎಂಬ ಮಾತನ್ನು ನಮ್ಮವರ ಮಟ್ಟಿಗೆ ಹಾಗೇ ಒಪ್ಪಲಾಗದು.

ಎರಡು ತಿರುಗುಗಳಲ್ಲಿ ಯಾವುದು ಹೋದರೆ ನಷ್ಟ ಹೆಚ್ಚು ಎನ್ನುವುದಕ್ಕೂ ಉತ್ತರವಿದೆ. ಅಂಗೈ ಕೆಳಗಾಗದಿದ್ದರೆ ಮೊಣಕೈಯನ್ನು ಪಕ್ಕಕ್ಕೆತ್ತಿ ಭುಜದ ಸಹಾಯದಿಂದ ಕೆಲಸ ನಡೆಸಬಹುದು. ಬರೆಯುವುದೂ ಟೈಪ್ ಮಾಡುವುದೂ ಹೇಗೋ ಸಾಗುತ್ತದೆ. ಅಂಗೈ ಮೇಲಾಗದಿದ್ದರೆ ಭುಜದಿಂದ ಅಂಥ ನೆರವು ಸಿಗದು. ಹುಟ್ಟುವಾಗಲೇ ರೇಡಿಯಸ್ ಮತ್ತು ಅಲ್ನಾ ಮೊಣಕೈಯ ಹತ್ತಿರ ಬೆಸೆದುಕೊಂಡಿರುವ ಮಕ್ಕಳಲ್ಲಿ ಇದು ಕಾಣುತ್ತದೆ. ನೋವಿಲ್ಲ, ಮೊಣಕೈ ಮಡಚುತ್ತದೆ, ಹಾಗಾಗಿ ವರ್ಷಗಟ್ಟಲೆ ಯಾರಿಗೂ ಗೊತ್ತಾಗುವುದಿಲ್ಲ. ಮಗು ಚಿಲ್ಲರೆ ಇಸಿದುಕೊಳ್ಳುವಾಗ ಇಡೀ ಮೈಯನ್ನೇ ಓರೆ ಮಾಡುತ್ತದೆ, ಪ್ರಸಾದಕ್ಕೆ ಕೈಯ ಹಿಂಬದಿ ಒಡ್ಡುತ್ತದೆ, ನೆಟ್ಟಗೆ ಕೈ ಹಿಡಿ ಎಂದು ದೊಡ್ಡವರಿಂದ ಗದರಿಸಿಕೊಳ್ಳುತ್ತದೆ. ಗದರುವ ಮೊದಲು ಆ ಮೊಣಕೈಯನ್ನು ಪಕ್ಕೆಗಿಟ್ಟು ಅಂಗೈ ತಿರುಗುತ್ತದೆಯೇ ಎಂದು ನೋಡಬೇಕು.

ಮಕ್ಕಳ ಮಾತು ಬಂದಾಗ ಮೊದಲು ಹೇಳಬೇಕಾದ ಗಾಯ ಒಂದಿದೆ. ಬಸ್ಸು ಹೊರಡುವ ಆತುರ. ಅಮ್ಮ ಒಂದು ಕೈಯಲ್ಲಿ ಚೀಲ ಹಿಡಿದು, ಇನ್ನೊಂದರಲ್ಲಿ ಎರಡು ವರ್ಷದ ಮಗಳ ಮುಂಗೈ ಹಿಡಿದು ಮೆಟ್ಟಿಲ ಮೇಲಕ್ಕೆ ಎಳೆದುಕೊಳ್ಳುತ್ತಾಳೆ. ಮಗು ಚೀರುತ್ತದೆ. ಸ್ವಲ್ಪ ಹೊತ್ತಿಗೆ ಅಳು ನಿಂತರೂ ಆ ಕೈಯನ್ನು ಆಡಿಸುವುದಿಲ್ಲ. ಮೊಣಕೈ ತುಸು ಮಡಚಿ, ಅಂಗೈ ಒಳಗೆ ಮಾಡಿ, ಕೈಯನ್ನು ಹೊಟ್ಟೆಗೆ ಆತುಕೊಂಡು ಕುಳಿತಿರುತ್ತದೆ. ಬಿಸ್ಕತ್ತು ಕೊಟ್ಟರೆ ಇನ್ನೊಂದು ಕೈ ಚಾಚುತ್ತದೆ. ಬಾವಿಲ್ಲ, ಸೊಟ್ಟಗಾಗಿಲ್ಲ. ಆಗಿರುವುದು ಇಷ್ಟೇ: ರೇಡಿಯಸ್ಸಿನ ತಲೆಯ ಸುತ್ತ ಇರುವ ಆ ನಾರಿನ ಬಳೆ ಎಳೆತಕ್ಕೆ ಜಾರಿ ಕೀಲಿನೊಳಗೆ ಸಿಕ್ಕಿಕೊಂಡಿದೆ. ಒಂದರಿಂದ ನಾಲ್ಕು ವರ್ಷದ ಮಕ್ಕಳಲ್ಲಿ ಇದು ಬಹಳ ಸಾಮಾನ್ಯ. ಐದು ದಾಟಿದ ಮೇಲೆ ಬಳೆ ಗಟ್ಟಿಯಾಗಿ ಅಪರೂಪವಾಗುತ್ತದೆ. ತಿಳಿದ ವೈದ್ಯರು ಮಗುವನ್ನು ತಾಯಿಯ ತೊಡೆಯ ಮೇಲೆ ಕೂರಿಸಿಕೊಂಡೇ ಮೊಣಕೈ ಹಿಡಿದು ಅಂಗೈಯನ್ನು ಒಮ್ಮೆ ತಿರುಗಿಸುತ್ತಾರೆ. ಬೆರಳಿಗೆ ‘ಟಿಕ್’ ಎಂದು ತಿಳಿಯುತ್ತದೆ. ಹತ್ತು ಹದಿನೈದು ನಿಮಿಷದಲ್ಲಿ ಮಗು ಅದೇ ಕೈಯಲ್ಲಿ ಬಿಸ್ಕತ್ತು ಇಸಿದುಕೊಳ್ಳುತ್ತದೆ. ಅಂಗೈಯನ್ನು ಮೇಲೆ ತಿರುಗಿಸಿ ಮೊಣಕೈ ಮಡಚುವುದು ಹಳೆಯ ಪದ್ಧತಿ. ಜೋರಾಗಿ ಕೆಳಕ್ಕೆ ತಿರುಗಿಸುವ ವಿಧಾನ ಮೊದಲ ಯತ್ನದಲ್ಲೇ ಹೆಚ್ಚು ಫಲಿಸುತ್ತದೆ ಎಂಬುದು ಹಲವು ಪ್ರಯೋಗಗಳನ್ನು ಒಟ್ಟಿಗೆ ನೋಡಿದ 2017ರ ಕೊಕ್ರೇನ್ ಪರಿಶೀಲನೆಯ ನಿಲುವು. ಮನೆಯಲ್ಲಿ ಯಾರೂ ಇದನ್ನು ಮಾಡಲು ಹೋಗಬಾರದು. ಮಗು ಬಿದ್ದು ಎಲುಬು ಮುರಿದಿದ್ದರೆ ಅದೇ ತಿರುಗು ಅನಾಹುತ ಮಾಡುತ್ತದೆ. ಮಕ್ಕಳನ್ನು ಎತ್ತುವಾಗ ಮುಂಗೈ ಹಿಡಿದು ಎಳೆಯದೆ ಕಂಕುಳಿಗೆ ಕೈ ಕೊಟ್ಟು ಎತ್ತುವುದು ಎಲ್ಲರೂ ರೂಢಿಸಿಕೊಳ್ಳಬೇಕಾದ ಅಭ್ಯಾಸ.

ದೊಡ್ಡವರ ಗಾಯಗಳಿಗೆ ಹೆಚ್ಚಾಗಿ ಮೂಲ ಒಂದೇ: ಬೀಳುವಾಗ ಕೈ ಊರುವುದು. ಒದ್ದೆ ಬಚ್ಚಲು, ಪಾಚಿ ಕಟ್ಟಿದ ಅಂಗಳ, ಬೈಕು. ಅಂಗೈಗೆ ಬಿದ್ದ ಪೆಟ್ಟಿನ ಸುಮಾರು ಶೇ 80ರಷ್ಟನ್ನು ಮಣಿಕಟ್ಟಿನಲ್ಲಿ ರೇಡಿಯಸ್ ಒಂದೇ ಹೊರುತ್ತದೆ. ಮೂಳೆ ಸವೆದ ಐವತ್ತು ದಾಟಿದ ಹೆಂಗಸರಲ್ಲಿ ಅದು ಮಣಿಕಟ್ಟಿನ ಬಳಿಯೇ ಮುರಿಯುತ್ತದೆ. 1814ರಲ್ಲಿ ಡಬ್ಲಿನ್‌ನ ಶಸ್ತ್ರವೈದ್ಯ ಅಬ್ರಹಾಂ ಕಾಲ್ಸ್ ಇದನ್ನು ವಿವರಿಸಿದಾಗ ಎಕ್ಸ್‌ರೇ ಬರಲು ಇನ್ನೂ 81 ವರ್ಷವಿತ್ತು. ಕೈಯ ಆಕಾರ ನೋಡಿ, ಮುಟ್ಟಿ ಅವರು ಕಂಡುಕೊಂಡದ್ದು ನಿಜವಾಯಿತು. ಅದೇ 1814ರಲ್ಲಿ ಇಟಲಿಯ ಮಿಲಾನ್‌ನಲ್ಲಿ ಜೊವಾನ್ನಿ ಬತ್ತಿಸ್ತ ಮೊಂತೆಜ್ಜ ಇನ್ನೊಂದು ಗಾಯವನ್ನು ಬರೆದಿಟ್ಟರು. ಅಲ್ಲಿ ಅಲ್ನಾದ ಮೇಲ್ಭಾಗ ಮುರಿದಿರುತ್ತದೆ, ಜತೆಗೆ ಮೊಣಕೈಯಲ್ಲಿ ರೇಡಿಯಸ್ಸಿನ ತಲೆ ಬಳೆಯಿಂದ ಕಿತ್ತು ಹೊರಬಂದಿರುತ್ತದೆ. ಇದಕ್ಕೆ ಕನ್ನಡಿ ಹಿಡಿದಂಥ ಗಾಯವನ್ನು 1934ರಲ್ಲಿ ಅದೇ ನಗರದ ರಿಕಾರ್ಡೊ ಗಲೆಯಾತ್ಸಿ ವಿವರಿಸಿದರು. ಅಲ್ಲಿ ಮುರಿಯುವುದು ರೇಡಿಯಸ್, ಕಿತ್ತು ಬರುವುದು ಮಣಿಕಟ್ಟಿನ ಕೀಲು.

ಇಟಲಿಯ ಈ ಇಬ್ಬರ ಹೆಸರು ಓದುಗರಿಗೆ ನೆನಪಿರಬೇಕಿಲ್ಲ, ಅವರು ಕಂಡ ಸತ್ಯ ನೆನಪಿರಬೇಕು. ಎರಡು ಎಲುಬು, ಎರಡು ಕೀಲು ಸೇರಿ ಮುಂದೋಳು ಒಂದು ಉಂಗುರ. ಕೋಡುಬಳೆಯನ್ನು ಒಂದೇ ಕಡೆ ಮುರಿಯಲು ನೋಡಿದರೆ ಸಾಮಾನ್ಯವಾಗಿ ಇನ್ನೊಂದು ಕಡೆಯೂ ಬಿರುಕು ಬಿಡುತ್ತದೆ. ಒಂದು ಎಲುಬು ಮುರಿದು ಜರುಗಿದ್ದರೆ ಎಲ್ಲೋ ಒಂದು ಕೀಲು ಅಲುಗಾಡಿರಬಹುದು ಎಂದೇ ಹುಡುಕಬೇಕು. ಮಗುವಿನ ಅಲ್ನಾ ಮುರಿದದ್ದಷ್ಟೇ ನೋಡಿ ಪ್ಲಾಸ್ಟರ್ ಹಾಕಿ, ಕಿತ್ತುಬಂದ ರೇಡಿಯಸ್ ತಲೆಯನ್ನು ಗಮನಿಸದೆ ಬಿಡುವುದು ಜಗತ್ತಿನಾದ್ಯಂತ ನಡೆಯುವ ತಪ್ಪು. ಆಗಲೇ ಕೂರಿಸಿದರೆ ಸಲೀಸಾಗಿ ಸರಿಹೋಗುವ ಕೀಲು ತಿಂಗಳುಗಳ ಬಳಿಕ ದೊಡ್ಡ ಶಸ್ತ್ರಚಿಕಿತ್ಸೆ ಕೇಳುತ್ತದೆ. ಮುಂದೋಳಿನ ಎಕ್ಸ್‌ರೇ ಎಂದರೆ ಮೊಣಕೈಯೂ ಮಣಿಕಟ್ಟೂ ಕಾಣುವ ಎಕ್ಸ್‌ರೇ. ಮುರಿದ ಜಾಗವಷ್ಟೇ ಕಂಡರೆ ಅದು ಅರ್ಧ ಎಕ್ಸ್‌ರೇ.

ಇನ್ನು ರೇಡಿಯಸ್ಸಿನ ಆ ಬಾಗು. ಎಲುಬು ಸೊಟ್ಟಗೆ ಕೂಡಿಕೊಂಡರೆ ಬಿಲ್ಲಿನ ಆಕಾರ ಕೆಟ್ಟು, ಅದು ಅಲ್ನಾದ ಮೇಲೆ ಹಾಯಲಾರದೆ ಅಡ್ಡಿ ಬೀಳುತ್ತದೆ. ಪ್ರಯೋಗಗಳಲ್ಲಿ 10 ಡಿಗ್ರಿ ಸೊಟ್ಟಗಾದಾಗ ತಿರುಗಿಗೆ ಹೇಳಿಕೊಳ್ಳುವ ನಷ್ಟವಿರಲಿಲ್ಲ, 20 ಡಿಗ್ರಿಯಾದಾಗ ದೊಡ್ಡ ನಷ್ಟವಿತ್ತು. ಬೆಳೆದವರ ಮುಂದೋಳಿನ ಎರಡೂ ಎಲುಬು ಮುರಿದಾಗ ವೈದ್ಯರು ಪ್ಲೇಟು ಸ್ಕ್ರೂ ಎನ್ನುವುದು ಇದೇ ಕಾರಣಕ್ಕೆ. ಚಿಕ್ಕ ಮಕ್ಕಳ ಎಲುಬು ಬೆಳೆಯುತ್ತ ಬಾಗನ್ನು ತಾನೇ ತಿದ್ದಿಕೊಳ್ಳುತ್ತದೆ, ದೊಡ್ಡವರದು ತಿದ್ದಿಕೊಳ್ಳದು.

ಮೊಣಕೈಗೆ ಪೆಟ್ಟಾದಾಗ ಎಣ್ಣೆ ಹಚ್ಚಿ ನೀವುವುದು, ಎಳೆದು ನೆಟ್ಟಗೆ ಮಾಡಿಸುವುದು ಊರೂರಲ್ಲಿದೆ. ಪ್ರೀತಿಯಿಂದಲೇ ಮಾಡುವ ಕೆಲಸ. ಆದರೆ ಪೆಟ್ಟು ತಿಂದ ಮೊಣಕೈಯ ಸುತ್ತಲ ಸ್ನಾಯುವನ್ನು ಬಲವಾಗಿ ನೀವಿದರೆ ಆ ಸ್ನಾಯುವಿನೊಳಗೇ ಹೊಸ ಎಲುಬು ಬೆಳೆಯುವ ಅಪಾಯವಿದೆ. ಹಾಗಾದರೆ ಮೊಣಕೈ ಕಲ್ಲಿನಂತೆ ಬಿಗಿದುಕೊಳ್ಳುತ್ತದೆ. ಭಾರತದ ಮೂಳೆವೈದ್ಯ ವಿದ್ಯಾರ್ಥಿಗಳಿಗೆ ಮೊದಲೇ ಕಲಿಸುವ ಎಚ್ಚರಿಕೆ ಇದು. ಇನ್ನೊಂದು ಅಪಾಯ ಬಿಗಿ ಕಟ್ಟು. ಮುರಿದ ಮುಂದೋಳು ಊದುತ್ತದೆ. ಸುತ್ತ ಬಿದಿರು ದಬ್ಬೆ ಇಟ್ಟು ಬಿಗಿದರೂ, ಆಸ್ಪತ್ರೆಯ ಪ್ಲಾಸ್ಟರ್ ಬಿಗಿಯಾದರೂ ಒಳಗೆ ರಕ್ತ ಹರಿಯದೆ ಸ್ನಾಯುಗಳು ಕೆಲವೇ ಗಂಟೆಗಳಲ್ಲಿ ಸಾಯತೊಡಗುತ್ತವೆ. ಸತ್ತ ಸ್ನಾಯು ಕುಗ್ಗಿ ಬೆರಳುಗಳು ಕೊಕ್ಕೆಯಾಗುತ್ತವೆ. ಜರ್ಮನಿಯ ರಿಚರ್ಡ್ ಫಾನ್ ಫೋಲ್ಕ್‌ಮನ್ 1881ರಲ್ಲಿ ವಿವರಿಸಿದ ಈ ಊನ ಇಂದಿಗೂ ನಮ್ಮ ಆಸ್ಪತ್ರೆಗಳಿಗೆ ಬರುತ್ತಿದೆ, ಹೆಚ್ಚಿನವರು ಮಕ್ಕಳು. ಕಟ್ಟಿದ ಮೇಲೆ ನೋವು ಇಳಿಯಬೇಕು. ಏರುತ್ತ ಹೋದರೆ, ಬೆರಳು ನೀಡಿಸಿದಾಗ ಜೀವ ಹೋದಂತಾದರೆ, ಬೆರಳು ಜೋಮು ಹಿಡಿದರೆ ಬೆಳಗಾಗಲಿ ಎಂದು ಕಾಯಬಾರದು. ಆ ರಾತ್ರಿಯೇ ಕಟ್ಟು ಬಿಚ್ಚಿಸಬೇಕು.

ಬೀಳದೆ, ಏಳದೆ ಬರುವ ನೋವೂ ಇದೆ, ಟೆನಿಸ್ ಎಲ್ಬೊ. ಟೆನಿಸ್ ರ‍್ಯಾಕೆಟ್ ಮುಟ್ಟದವರಿಗೇ ಇದು ಹೆಚ್ಚು. 1873ರಲ್ಲಿ ಜರ್ಮನಿಯ ವೈದ್ಯ ರುಂಗೆ ಇದನ್ನು ಮೊದಲು ವಿವರಿಸಿದ್ದು ಬರೆಯುವವರ ಕೈನೋವಿನ ಸಂದರ್ಭದಲ್ಲಿ. ಮಣಿಕಟ್ಟನ್ನು ಹಿಂದಕ್ಕೆತ್ತುವ ಸ್ನಾಯುಗಳ ಹುರಿ ಮೊಣಕೈಯ ಹೊರ ಗುಬುಟಿಗೆ ಅಂಟಿಕೊಂಡ ಜಾಗದಲ್ಲಿ ನಾರು ಸವೆಯುತ್ತದೆ. ಒದ್ದೆ ಬೆಡ್‌ಶೀಟು ಹಿಂಡುವಾಗ ಒಂದು ಕೈ ಮೇಲಕ್ಕೆ, ಇನ್ನೊಂದು ಕೆಳಕ್ಕೆ ತಿರುಗುತ್ತ ಎರಡೂ ಬಿಗಿಯಾಗಿ ಹಿಡಿದಿರಬೇಕು. ಮುದ್ದೆ ಕೋಲು ತಿರುವುವಾಗ, ದಿನವಿಡೀ ಸ್ಕ್ರೂ ಬಿಗಿಯುವಾಗ ಬೀಳುವುದೂ ಇದೇ ಹೊರೆ. ಸಚಿನ್ ತೆಂಡೂಲ್ಕರ್ ಅವರಂಥವರನ್ನೂ ಇದು ಬಿಡಲಿಲ್ಲ. ಎಡ ಮೊಣಕೈ ನೋವಿನಿಂದ ಅವರು 2004ರ ಅಕ್ಟೋಬರ್‌ನಲ್ಲಿ ಬೆಂಗಳೂರಿನಲ್ಲಿ ಆಸ್ಟ್ರೇಲಿಯಾ ವಿರುದ್ಧ ನಡೆದ ಟೆಸ್ಟ್ ಆಡಲಾಗಲಿಲ್ಲ. 2005ರ ಮೇ ತಿಂಗಳಲ್ಲಿ ಲಂಡನ್‌ನಲ್ಲಿ ಶಸ್ತ್ರಚಿಕಿತ್ಸೆಯಾಯಿತು. ಹೆಚ್ಚಿನವರಿಗೆ ಅದು ಬೇಕಾಗುವುದಿಲ್ಲ, ವರ್ಷದೊಳಗೆ ನೋವು ತಾನಾಗಿ ಇಳಿಯುತ್ತದೆ. ಸ್ಟೀರಾಯ್ಡ್ ಚುಚ್ಚುಮದ್ದಿನ ಬಗ್ಗೆ ಒಂದು ಎಚ್ಚರ ಬೇಕು. ಬ್ರಿಸ್ಬೇನ್‌ನಲ್ಲಿ 198 ಮಂದಿಯ ಮೇಲೆ ನಡೆದು 2006ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ, ಚುಚ್ಚುಮದ್ದು ಪಡೆದವರು ಆರು ವಾರಕ್ಕೆ ಎಲ್ಲರಿಗಿಂತ ಆರಾಮವಾಗಿದ್ದರು. ವರ್ಷ ತುಂಬುವಾಗ ಫಿಸಿಯೊಥೆರಪಿ ಪಡೆದವರಿಗಿಂತ, ಸುಮ್ಮನೆ ಕಾದವರಿಗಿಂತಲೂ ಹಿಂದೆ ಬಿದ್ದಿದ್ದರು.

ಮೊಣಕೈಯ ಗಾಯದಿಂದ ಎದ್ದು ಬಂದವರಲ್ಲಿ ಜಾವೆಲಿನ್ ಎಸೆತಗಾರ ನೀರಜ್ ಚೋಪ್ರಾ ಅವರದು ಎಲ್ಲರಿಗೂ ಗೊತ್ತಿರುವ ಹೆಸರು. 2019ರ ಮೇ ತಿಂಗಳಲ್ಲಿ ಮುಂಬೈನಲ್ಲಿ ಅವರ ಬಲ ಮೊಣಕೈಗೆ ಶಸ್ತ್ರಚಿಕಿತ್ಸೆ ಆಯಿತು. ಆ ವರ್ಷದ ವಿಶ್ವ ಚಾಂಪಿಯನ್‌ಷಿಪ್ ಕೈತಪ್ಪಿತು. ಚೇತರಿಕೆಯ ತಿಂಗಳುಗಳಲ್ಲಿ ಒಂದಿಷ್ಟನ್ನು ಅವರು ಕಳೆದದ್ದು ನಮ್ಮ ಬಳ್ಳಾರಿ ಸೀಮೆಯ ವಿಜಯನಗರದಲ್ಲಿರುವ ಇನ್‌ಸ್ಪೈರ್ ಇನ್‌ಸ್ಟಿಟ್ಯೂಟ್ ಆಫ್ ಸ್ಪೋರ್ಟ್‌ನಲ್ಲಿ. 2020ರ ಜನವರಿಯಲ್ಲಿ 87.86 ಮೀಟರ್ ಎಸೆದು ಟೋಕಿಯೊ ಒಲಿಂಪಿಕ್ಸ್‌ಗೆ ಅರ್ಹತೆ ಗಳಿಸಿದರು. ಮುಂದಿನ ವರ್ಷ ಅದೇ ಕೈ 87.58 ಮೀಟರ್ ಎಸೆದು ಚಿನ್ನ ತಂದಿತು.

ಒಲಿಂಪಿಕ್ಸ್ ಆಟಗಾರನ ಹಿಂದೆ ವೈದ್ಯರು, ಫಿಸಿಯೊಗಳು ಇರುತ್ತಾರೆ. ಬಚ್ಚಲಲ್ಲಿ ಜಾರಿ ಬಿದ್ದ ಅಜ್ಜಿಯ ಹಿಂದೆ ಮನೆಯವರೇ ಇರಬೇಕು. ಪ್ಲಾಸ್ಟರ್ ತೆಗೆದ ದಿನ ಎಲ್ಲರೂ ಕೇಳುವುದು, ಕೈ ಮಡಚಲು ಬರುತ್ತದೆಯೇ, ನೀಡಲು ಬರುತ್ತದೆಯೇ ಎಂದು. ತಿರುಗುತ್ತದೆಯೇ ಎಂದು ಕೇಳುವವರು ಕಡಿಮೆ. ಅದನ್ನು ಮನೆಯಲ್ಲೇ ನೋಡಿಕೊಳ್ಳಬಹುದು. ಎರಡೂ ಮೊಣಕೈಗಳನ್ನು ಪಕ್ಕೆಗೆ ಒತ್ತಿ, ಮುಂದೋಳನ್ನು ಮುಂದಕ್ಕೆ ಚಾಚಿ, ಎರಡೂ ಮುಷ್ಟಿಯಲ್ಲಿ ಒಂದೊಂದು ಪೆನ್ನನ್ನು ನೆಟ್ಟಗೆ ನಿಲ್ಲಿಸಿ ಹಿಡಿಯಿರಿ. ಇದು ಗಡಿಯಾರದ ಹನ್ನೆರಡು. ಬಲಗೈಯ ಪೆನ್ನು ಹೊರಕ್ಕೆ ಹೆಚ್ಚುಕಡಿಮೆ ಮೂರರವರೆಗೆ, ಒಳಕ್ಕೆ ಒಂಬತ್ತರವರೆಗೆ ವಾಲಬೇಕು. ಎಡಗೈಯದು ಇದರ ತದ್ವಿರುದ್ಧ. ಎರಡೂ ಕೈ ಸಮನಾಗಿ ವಾಲುತ್ತವೆಯೇ ನೋಡಿ. ಗಾಯವಾದ ಕೈ ಹಿಂದೆ ಬಿದ್ದಿದ್ದರೆ ಮೊದಲ ವಾರಗಳಲ್ಲೇ ಫಿಸಿಯೊಥೆರಪಿಸ್ಟ್ ಹತ್ತಿರ ಹೋಗಿ. ಅವರು ಹೇಳಿದ ಮೇಲೆ, ಮನೆಯ ಲಟ್ಟಣಿಗೆಯನ್ನೋ ಸಣ್ಣ ಸುತ್ತಿಗೆಯನ್ನೋ ಮುಷ್ಟಿಯಲ್ಲಿ ಹಿಡಿದು ನಿಧಾನವಾಗಿ ಆ ಕಡೆ ಈ ಕಡೆ ವಾಲಿಸುವುದು ಒಳ್ಳೆಯ ವ್ಯಾಯಾಮ. ಹಿಡಿ ಉದ್ದ ಬಿಟ್ಟಷ್ಟೂ ಹೊರೆ ಹೆಚ್ಚು, ಹಾಗಾಗಿ ಮೊದಲು ತಲೆಯ ಹತ್ತಿರವೇ ಹಿಡಿಯಿರಿ, ದಿನ ಕಳೆದಂತೆ ಕೆಳಕ್ಕೆ ಸರಿಯಿರಿ. ಮುಂದಿನ ಸಲ ವೈದ್ಯರ ಬಳಿ ಹೋದಾಗ ಅಂಗೈ ಎಲ್ಲಿಯವರೆಗೆ ಮೇಲಾಗುತ್ತಿದೆ ಎಂದು ತೋರಿಸಿ, ಅದನ್ನು ಚೀಟಿಯಲ್ಲಿ ಬರೆಸಿಕೊಂಡು ಬನ್ನಿ.